ಬಡಾವಣೆಯೊಳಗಿನ ಹಳ್ಳಿ



ಮುಂಬಯಿಯ ಕನ್ನಡ ಸಂಘದ ವಾರ್ಷಿಕೋತ್ಸವದ ಈ ವೇದಿಕೆಯಿಂದ ಪಶ್ಚಿಮ ಬೆಂಗಳೂರಿನ ಮಹಾಲಕ್ಷ್ಮಿ ಲೇಔಟಿನ ಬಗ್ಗೆ ನಾಲ್ಕು ಮಾತು ಹೇಳಬೇಕೆಂದಿದ್ದೇನೆ. ಇಂದು ಅದು ಒಂದು ವಿಧಾನಸಭಾ ಕ್ಷೇತ್ರದ ಹೆಸರು. 2014ರಿಂದ ಮಹಾಲಕ್ಷ್ಮಿ ಎಂಬ ಮೆಟ್ರೊ ನಿಲ್ದಾಣವೂ ಇದೆ. ಮೇನ್, ಕ್ರಾಸ್ ಎಂದು ಅಳೆದು ಹಾಕಿದ ಬಡಾವಣೆಗೂ ಹಳ್ಳಿಯ ಚರಿತ್ರೆಗೂ ಏನು ಸಂಬಂಧ ಎಂದು ನೀವು ಕೇಳಬಹುದು. ನನ್ನ ಉತ್ತರ ಇಷ್ಟೇ: ನಗರ ಬಂದಾಗ ಹಳ್ಳಿಯ ಹೊಲಗದ್ದೆ ಹೋಗುತ್ತದೆ, ಹಳ್ಳಿ ಅಷ್ಟು ಬೇಗ ಹೋಗುವುದಿಲ್ಲ. ಜನ ಒಬ್ಬರಿಗೊಬ್ಬರು ಹೊತ್ತ ಹೊಣೆಗಳಿಂದ ಊರು ಊರಾಗಿರುತ್ತದೆ. ಆ ಹೊಣೆಗಳ ನೆನಪನ್ನು ಯಾರೂ ಬರೆದಿಡದೆ ಹೋದರೆ ಮಾತ್ರ ಊರು ಪೂರ್ತಿ ಅಳಿಯುತ್ತದೆ. ಬರೆದಿಡುವ ಆ ಕೆಲಸಕ್ಕೆ ಹೊರನಾಡಿನ ಕನ್ನಡ ಸಂಘಗಳು ತಕ್ಕ ಜಾಗವೆಂದು ನಾನು ನಂಬಿದ್ದೇನೆ.

ಆಧಾರವನ್ನು ನೆಲದ ಮೇಲೆಯೇ ನೋಡೋಣ. ಬೆಂಗಳೂರಿನಲ್ಲಿ ಬಡಾವಣೆ ಹಾಕುತ್ತಿದ್ದ ಸಿಟಿ ಇಂಪ್ರೂವ್‌ಮೆಂಟ್ ಟ್ರಸ್ಟ್ ಬೋರ್ಡ್ ಹುಟ್ಟಿದ್ದು 1945ರಲ್ಲಿ. ಪಕ್ಕದ ರಾಜಾಜಿನಗರಕ್ಕೆ ಅಡಿಗಲ್ಲು ಬಿದ್ದದ್ದು 1949ರಲ್ಲಿ. ಕಾರ್ಖಾನೆಗಳೂ ಅವುಗಳ ದುಡಿಮೆಗಾರರ ಮನೆಗಳೂ ಈ ದಿಕ್ಕಿಗೆ ಹಬ್ಬಿದಂತೆ ಮಹಾಲಕ್ಷ್ಮಿ ಲೇಔಟ್, ನಂದಿನಿ ಲೇಔಟ್‌ಗಳು ಎದ್ದವು. ಭೂಸ್ವಾಧೀನ ಸಾಮಾನ್ಯವಾಗಿ ಸಾಗುವಳಿಯ ಜಮೀನಿನ ಮೇಲೆ ನಡೆಯುತ್ತಿತ್ತು. ಮನೆಗಳಿದ್ದ ಗ್ರಾಮಠಾಣ ಹಾಗೆಯೇ ಉಳಿಯುತ್ತಿತ್ತು. ಅದಕ್ಕೇ ಕುರುಬರಹಳ್ಳಿ, ಕೇತಮಾರನಹಳ್ಳಿ, ಸಾಣೆಗುರುವನಹಳ್ಳಿ, ಲಗ್ಗೆರೆಯಂಥ ಹೆಸರುಗಳು ಬಡಾವಣೆಗಳ ನಡುವೆ ಇಂದಿಗೂ ಬದುಕಿವೆ. ಹಳೆಯ ಗ್ರಾಮಠಾಣಕ್ಕೆ ಕಾಲಿಟ್ಟರೆ ನೇರ ರಸ್ತೆ ಮುಗಿದು, ಗೋಡೆಗೆ ಗೋಡೆ ತಾಗಿದ ಮನೆಗಳ ಓಣಿ ಶುರುವಾಗುತ್ತದೆ. ನಿಮ್ಮ ಮುಂಬಯಿಯ ಗಾವಠಾಣ, ಕೋಳಿವಾಡಗಳನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಉಳಿದದ್ದು ಓಣಿಯಷ್ಟೇ ಅಲ್ಲ. ಬೆಂಗಳೂರಿನ ಸೀಮೆಯ ಹಳ್ಳಿಗಳಲ್ಲಿ ಮಾರಮ್ಮನ ಊರಹಬ್ಬ ಹೇಗೆ ನಡೆಯುತ್ತದೆಂದು ನೋಡಿ. ತಮಟೆ ಬಡಿದು ಹಬ್ಬ ಸಾರುತ್ತಾರೆ, ಮನೆಗಿಷ್ಟು ಎಂದು ವಂತಿಗೆ ಎತ್ತುತ್ತಾರೆ. ಹಬ್ಬದ ದಿನ ಹೆಂಗಸರು ಅಕ್ಕಿಹಿಟ್ಟು, ಬೆಲ್ಲ ಕಲಸಿ ತಂಬಿಟ್ಟು ಮಾಡಿ, ತಟ್ಟೆಯಲ್ಲಿ ಎತ್ತರಕ್ಕೆ ಕೂರಿಸಿ, ನೆತ್ತಿಯಲ್ಲಿ ಗುಳಿ ತೆಗೆದು ತುಪ್ಪದ ಬತ್ತಿ ಹಚ್ಚುತ್ತಾರೆ. ಸುತ್ತ ಹೂ ಸಿಂಗರಿಸಿ, ತಲೆಯ ಮೇಲೆ ಹೊತ್ತು, ತಮಟೆಯ ಹಿಂದೆ ಸಾಲಾಗಿ ಗುಡಿಗೆ ನಡೆಯುತ್ತಾರೆ. ಯಾವ ಮನೆಯ ಆರತಿ ಮುಂದೆ, ತಮಟೆ ಯಾರದು, ಪೂಜೆ ಯಾರದು ಎಂಬ ಈ ಕ್ರಮದಲ್ಲಿ ಒಂದು ಹಳ್ಳಿಯ ಇಡೀ ಸಮಾಜವಿದೆ. ಹೊಸ ನಿವಾಸಿಗಳೂ ಇದೇ ದಾರಿಯಲ್ಲಿ ಊರು ಕಟ್ಟಿಕೊಂಡರು. ಮಹಾಲಕ್ಷ್ಮಿ ಲೇಔಟಿನ ಗುಡ್ಡದ ಬಂಡೆಯಲ್ಲಿ ಮೂಡಿಸಿದ ಪ್ರಸನ್ನ ವೀರಾಂಜನೇಯ ಅವರೆಲ್ಲ ಒಟ್ಟು ಸೇರುವ ಜಾಗವಾಯಿತು.

ಇದನ್ನೆಲ್ಲ ಸರ್ಕಾರದ ಕಡತ, ಶಾಸನ ಸಂಪುಟಗಳು ನೋಡಿಕೊಳ್ಳುತ್ತವಲ್ಲ ಎನ್ನುವವರಿದ್ದಾರೆ. ಬಿ.ಎಲ್. ರೈಸ್ ಅವರ ಎಪಿಗ್ರಾಫಿಯ ಕರ್ನಾಟಿಕ ಎಂಬ ಶಾಸನ ಸಂಗ್ರಹದ ಬೆಂಗಳೂರು ಸಂಪುಟ 1905ರಲ್ಲೇ ಬಂತು. ಅದರ ಋಣ ದೊಡ್ಡದು. ಆದರೆ ಶಾಸನ ಹೇಳುವುದು ಬಹುಮಟ್ಟಿಗೆ ದತ್ತಿ ಕೊಟ್ಟ ಒಡೆಯನನ್ನು, ಕಾದಿ ಸತ್ತ ವೀರನನ್ನು. ಕಂದಾಯದ ಕಡತ ಹೇಳುವುದು ಸರ್ವೆ ನಂಬರನ್ನು. ಕೆರೆಯ ತೂಬು ಎತ್ತಿದ ನೀರುಗಂಟಿಯ ಮಾತು, ತಂಬಿಟ್ಟು ಹೊತ್ತ ಹೆಂಗಸಿನ ಮಾತು ಎರಡರಲ್ಲೂ ಸಿಗುವುದು ಅಪರೂಪ.

ಇನ್ನೊಂದು ಆಕ್ಷೇಪ ಇದಕ್ಕಿಂತ ಗಂಭೀರವಾದದ್ದು. ಹಳ್ಳಿಯನ್ನು ಹೊಗಳುವುದೆಂದರೆ ಜಾತಿಯ ಕ್ರೌರ್ಯವನ್ನು ಮರೆಮಾಚುವುದಲ್ಲವೇ? 1948ರ ನವೆಂಬರ್ 4ರಂದು ಸಂವಿಧಾನ ಸಭೆಯಲ್ಲಿ ಅಂಬೇಡ್ಕರ್ ಅವರು ಹಳ್ಳಿಯನ್ನು ಆದರ್ಶವಾಗಿಸುವುದನ್ನು ಕಟುವಾಗಿ ವಿರೋಧಿಸಿದರು. ಅವರ ಮಾತನ್ನು ಒಪ್ಪಿಕೊಂಡೇ ನಾವು ಬರೆಯಬೇಕು. ತಮಟೆ ಬಡಿದವರಿಗೆ ಗುಡಿಯೊಳಗೆ ಪ್ರವೇಶವಿತ್ತೇ, ಯಾವ ಬಾವಿ ಯಾರಿಗೆ ಮುಚ್ಚಿತ್ತು, ಜಮೀನು ಹೋದಾಗ ಪರಿಹಾರ ಭೂಮಾಲೀಕರಿಗೆ ಬಂದರೆ ಕೂಲಿಯವರ ಗತಿ ಏನಾಯಿತು ಎಂಬುದು ಊರಿನ ಚರಿತ್ರೆಯಲ್ಲಿ ಇರಲೇಬೇಕು. ಅದಿಲ್ಲದ ಬರಹ ಬರೀ ಬಡಾಯಿಯಾಗುತ್ತದೆ.

ಇಷ್ಟು ದೂರದಲ್ಲಿರುವ ನಾವು ಬರೆಯಬಲ್ಲೆವೇ ಎಂಬುದು ಕೊನೆಯ ಸಂಶಯ. ಬರೆಯಬಹುದೆಂಬುದಕ್ಕೆ ಒಂದು ನಿದರ್ಶನವಿದೆ. 1948ರಲ್ಲಿ ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ ಮೈಸೂರು ಸೀಮೆಯ ಒಂದು ಹಳ್ಳಿಯಲ್ಲಿದ್ದು ಅಧ್ಯಯನ ಮಾಡಿದರು; ಬರಹದಲ್ಲಿ ಅದನ್ನು ರಾಂಪುರ ಎಂದು ಕರೆದರು. 1970ರಲ್ಲಿ ಅಮೆರಿಕದ ಸ್ಟ್ಯಾನ್‌ಫರ್ಡ್‌ನಲ್ಲಿ ಕಿಡಿಗೇಡಿಗಳು ಹಚ್ಚಿದ ಬೆಂಕಿಗೆ, ಅವರು ವರ್ಷಗಟ್ಟಲೆ ಸಿದ್ಧಪಡಿಸಿದ್ದ ಟಿಪ್ಪಣಿಗಳು ಸುಟ್ಟುಹೋದವು. ಅವರು ಎದೆಗುಂದಲಿಲ್ಲ, ಬಹುಪಾಲು ನೆನಪನ್ನೇ ನೆಚ್ಚಿ ಪುಸ್ತಕ ಬರೆದರು. 1976ರಲ್ಲಿ ಹೊರಬಂದ ಆ ಪುಸ್ತಕ ಭಾರತದ ಹಳ್ಳಿಗಳ ಅಧ್ಯಯನದಲ್ಲಿ ಇಂದಿಗೂ ಮುಖ್ಯ ಗ್ರಂಥ. ನೆನಪು ತಪ್ಪಬಹುದು, ನಿಜ. ಅದಕ್ಕೆ ಮದ್ದು ಒಬ್ಬರ ನೆನಪನ್ನು ಇನ್ನೊಬ್ಬರ ನೆನಪಿನೊಡನೆ, ಹಳೆಯ ನಕ್ಷೆ, ಪಹಣಿಗಳೊಡನೆ ತಾಳೆ ನೋಡುವುದು.

ಈ ಸಭೆಯಲ್ಲಿ ಕರಾವಳಿಯವರಿದ್ದೀರಿ, ಬಯಲುಸೀಮೆಯವರಿದ್ದೀರಿ, ಬೆಂಗಳೂರಿನವರಿದ್ದೀರಿ. ಮುಂದಿನ ವರ್ಷದ ಸ್ಮರಣ ಸಂಚಿಕೆಯಲ್ಲಿ ಶುಭಾಶಯಗಳ ಪುಟ ಕಡಿಮೆ ಮಾಡಿ, ಪ್ರತಿ ಮನೆಯಿಂದ ಒಂದೊಂದು ಊರಿನ ವೃತ್ತಾಂತಕ್ಕೆ ಜಾಗ ಕೊಡಿ: ಕೆರೆ ಎಲ್ಲಿತ್ತು, ಹಬ್ಬ ಯಾರು ನಡೆಸುತ್ತಿದ್ದರು, ಯಾರು ಹೊರಗೆ ನಿಲ್ಲಬೇಕಾಗಿತ್ತು. ಹಿರಿಯರು ಹೇಳಲಿ, ಕನ್ನಡ ಕಲಿಯುತ್ತಿರುವ ಮಕ್ಕಳು ಬರೆದುಕೊಳ್ಳಲಿ. ಮಕ್ಕಳಿಗೆ ಭಾಷೆ ಬರುತ್ತದೆ, ಊರಿಗೆ ಚರಿತ್ರೆ ಸಿಗುತ್ತದೆ. ಈ ಕೆಲಸವನ್ನು ಸಂಘ ಇದೇ ವರ್ಷ ಕೈಗೆತ್ತಿಕೊಳ್ಳಲಿ ಎಂದು ಕೇಳಿಕೊಂಡು ನನ್ನ ಮಾತು ಮುಗಿಸುತ್ತೇನೆ.