ಬೆಟ್ಟದ ಸೋಪಾನವೂ ಮಕ್ಕಳ ಪಂದ್ಯವೂ



ಮಕ್ಕಳನ್ನು ಪಂದ್ಯಕ್ಕೆ ನಿಲ್ಲಿಸುವ ಚಪಲವು ಇಂದಿನದಲ್ಲ. ಲೋಕವನ್ನು ಮೊದಲು ಸುತ್ತಿ ಬಂದವನಿಗೆ ಹಣ್ಣೆಂದು ಪುರಾಣದ ತಂದೆತಾಯಿಗಳೇ ಗಣಪತಿ ಷಣ್ಮುಖರಿಗೆ ಪಣವಿಟ್ಟರು. ಫಲವೇನಾಯಿತು? ಒಬ್ಬನು ಹಣ್ಣು ತಿಂದನು. ಮತ್ತೊಬ್ಬನು ಮುನಿದು ಪಳನಿಯ ಬೆಟ್ಟವನ್ನೇರಿದನು. ಕೈಲಾಸದಲ್ಲಿಯೇ ಹೀಗಾದ ಮೇಲೆ ಮೈಸೂರಿನ ಬಡಾವಣೆಗಳ ಪಾಡೇನು!

ಈ ವಿನೋದವನ್ನು ಕಾಣಬೇಕಾದರೆ ಭಾನುವಾರದ ಮುಂಜಾನೆ ಚಾಮುಂಡಿ ಬೆಟ್ಟದ ಮೆಟ್ಟಿಲುಗಳ ಬಳಿ ನಿಲ್ಲಬೇಕು. 1659ರಿಂದ 1673ರವರೆಗೆ ಆಳಿದ ದೊಡ್ಡದೇವರಾಜ ಒಡೆಯರು ಭಕ್ತಜನರಿಗೆಂದು ಕಟ್ಟಿಸಿದ ಈ 1000ದಷ್ಟು ಸೋಪಾನಗಳು ಈಗ ಪರೀಕ್ಷಾಮಂದಿರವಾಗಿವೆ. ಹರಕೆ ಹೊತ್ತ ತಾಯಂದಿರು ಪ್ರತಿ ಮೆಟ್ಟಿಲಿಗೂ ಅರಿಸಿನ ಕುಂಕುಮವನ್ನಿಡುತ್ತ ನಿಧಾನವಾಗಿ ಏರುವರು. ಅವರ ಪಕ್ಕದಲ್ಲಿಯೇ ತಂದೆಯೊಬ್ಬನು ಕೈಗಡಿಯಾರವನ್ನು ನೋಡುತ್ತ, “ಎದುರುಮನೆಯ ಹುಡುಗ 25 ನಿಮಿಷದಲ್ಲಿ ಹತ್ತಿದನಂತೆ, ನಡೆ” ಎಂದು ಮಗನನ್ನು ಅಟ್ಟುವನು. ತಾನು ಮಾತ್ರ ನೂರನೆಯ ಮೆಟ್ಟಿಲಿನಲ್ಲಿಯೇ ಏದುಸಿರು ಬಿಡುತ್ತಿರುವನು. ಇನ್ನೊಂದು ಕಡೆ ಪುಟ್ಟ ಹುಡುಗಿಯು ಹತ್ತು ಮೆಟ್ಟಿಲಿಗೊಮ್ಮೆ ನಿಂತು ಹದಿನೇಳರ ಮಗ್ಗಿಯನ್ನು ಒಪ್ಪಿಸಬೇಕು. ದೇವಿಗೆ ಇದಾವ ಬಗೆಯ ಸೇವೆಯೋ!

ನಗೆಯ ಮಾತಾದರೂ ಇದು ಹೊರೆಯ ಮಾತೂ ಹೌದು. ಒಂದು, ಎರಡನೆಯ ತರಗತಿಗಳ ಮಕ್ಕಳ ಚೀಲವು 2 ಕಿಲೋ ಮೀರಕೂಡದೆಂದು 2019ರಲ್ಲಿ ಸರ್ಕಾರವೇ ಆಜ್ಞೆ ಮಾಡಬೇಕಾಯಿತು. ಒಂದನೆಯ ತರಗತಿಗೆ ಸೇರುವ ಮಗುವಿಗೆ 6 ವರ್ಷ ತುಂಬಿರಬೇಕೆಂಬ 2022ರ ನಿಯಮವನ್ನು ಪೋಷಕರ ಮೊರೆ ಕೇಳಿ 2025–26ನೆಯ ಸಾಲಿಗೆ 5 ವರ್ಷ 5 ತಿಂಗಳಿಗೆ ಇಳಿಸಲಾಯಿತು. ಏಳು ತಿಂಗಳು ತಡವಾದರೆ ಮಗುವಿನ ಬಾಳೇ ಹಿಂದೆ ಬಿದ್ದೀತೆಂಬ ಭೀತಿ! ಚೀಲವನ್ನು ತೂಗಲು ತಕ್ಕಡಿಯುಂಟು. ತಂದೆಯ ಆಸೆಯನ್ನು ಯಾವ ಇಲಾಖೆಯವರು ತೂಗಿಯಾರು?

ಸುಮಾರು 700ನೆಯ ಮೆಟ್ಟಿಲಿನ ಬಳಿ ಏಕಶಿಲೆಯ ಮಹಾನಂದಿಯು ಮಲಗಿದೆ. ಅದನ್ನು ಕಂಡೊಡನೆ ನಮ್ಮವರು ಬಸವಣ್ಣನವರನ್ನು ನೆನೆಯುವರು. ಆ ಬಾಲಕರು ಉಪನಯನವನ್ನೊಲ್ಲದೆ ಬಾಗೇವಾಡಿಯನ್ನು ಬಿಟ್ಟು ಕೂಡಲಸಂಗಮಕ್ಕೆ ನಡೆದರು. ಮಾದರಸರ ಎಣಿಕೆಯಂತೆಯೇ ಎಲ್ಲವೂ ನಡೆದಿದ್ದರೆ ಅಗ್ರಹಾರಕ್ಕೆ ಮತ್ತೊಬ್ಬ ಪಂಡಿತರು ದೊರೆಯುತ್ತಿದ್ದರು, ಅಷ್ಟೆ. ಇದನ್ನು ಬಲ್ಲ ಭಕ್ತರೇ ನಂದಿಗೆ ಕೈಮುಗಿದು, ಮಗನ ಕಡೆ ತಿರುಗಿ, “ಮೊನ್ನೆ ಉಳಿದ ಆ 4 ಅಂಕ ಎಲ್ಲಿ ಹೋಯಿತು?” ಎಂದು ಕೇಳುವರು.

ಅಲ್ಲಿಯೇ ಒಮ್ಮೆ ಒಂದು ಮಗುವು ನಂದಿಯ ಕೊರಳಿನ ಗಂಟೆಗಳನ್ನು ಎಣಿಸುತ್ತ ಕುಳಿತುಬಿಟ್ಟಿತು. “ಏಳೋ, ಇನ್ನೂ 300 ಮೆಟ್ಟಿಲಿವೆ” ಎಂದು ತಂದೆಯು ಗದರಿದನು. ಮಗುವು ತಲೆಯೆತ್ತಿ, “ಅಪ್ಪಾ, ಈ ಬಸವಣ್ಣ ಎಷ್ಟು ವರ್ಷದಿಂದ ಇಲ್ಲೇ ಕೂತಿದೆ! ಅದನ್ನು ಯಾರೂ ಏಳು ಅನ್ನೋದಿಲ್ಲವಾ?” ಎಂದಿತು. ತಂದೆಗೂ ಅಷ್ಟರಲ್ಲಿ ಕಾಲು ಸೋತಿದ್ದಿತು. ಅವನೂ ಪಕ್ಕದಲ್ಲಿ ಕುಳಿತು ಗಂಟೆಗಳನ್ನು ಮೊದಲಿನಿಂದ ಎಣಿಸತೊಡಗಿದನು.