ಓದು ಬಾರದವರ ಮತ

(ಹ್ಯಾರೋದ ಕನ್ನಡಿಗರ ಸಭೆಯೊಂದರಲ್ಲಿ ಮಾಡಿದ ಭಾಷಣ)



1962ರ ಆಗಸ್ಟ್ 31ರಂದು ಅಮೆರಿಕದ ಮಿಸಿಸಿಪ್ಪಿ ರಾಜ್ಯದಲ್ಲಿ ಹದಿನೆಂಟು ಮಂದಿ ಕಪ್ಪು ಜನರು ಬಸ್ಸು ಹತ್ತಿ ಇಂಡಿಯನೋಲಾ ಪಟ್ಟಣಕ್ಕೆ ಹೋದರು. ಮತದಾರರ ಪಟ್ಟಿಗೆ ಹೆಸರು ಸೇರಿಸಬೇಕಿತ್ತು, ಅಷ್ಟೆ. ಅವರಲ್ಲಿ ಹತ್ತಿ ತೋಟದಲ್ಲಿ ದುಡಿಯುತ್ತಿದ್ದ 44 ವರ್ಷದ ಫ್ಯಾನಿ ಲೂ ಹೇಮರ್ ಒಬ್ಬರು. ತಮ್ಮಂಥವರಿಗೂ ಮತದ ಹಕ್ಕಿದೆಯೆಂದು ಅವರಿಗೆ ತಿಳಿದದ್ದೇ ಆ ತಿಂಗಳು. ನೋಂದಣಿ ಅಧಿಕಾರಿ ರಾಜ್ಯ ಸಂವಿಧಾನದ ಒಂದು ವಿಧಿಯನ್ನು ಮುಂದಿಟ್ಟು, ನಕಲು ಮಾಡಿ ಅರ್ಥ ಬರೆಯುವಂತೆ ಹೇಳಿದ. ಅರ್ಥ ಸರಿಯೋ ತಪ್ಪೋ ಎಂದು ತೀರ್ಮಾನಿಸುವವನೂ ಅವನೇ. ಹೇಮರ್ ಅನುತ್ತೀರ್ಣರಾದರು. ಹದಿನೆಂಟು ವರ್ಷ ದುಡಿದ ತೋಟದಿಂದ ಮಾಲೀಕ ಅಂದು ರಾತ್ರಿಯೇ ಅವರನ್ನು ಹೊರಹಾಕಿದ.

ಸೆಲ್ಮಾದ ಸೇತುವೆಯ ಮೇಲೆ ರಕ್ತ ಹರಿದ ಬಳಿಕ ಬಂದ 1965ರ ಮತಹಕ್ಕು ಕಾಯ್ದೆ ಇಂಥ ಪರೀಕ್ಷೆಗಳನ್ನು ತಡೆಯಿತು. ಅದಕ್ಕೆ ಮುಂಚೆ ಮಿಸಿಸಿಪ್ಪಿಯ ಕಪ್ಪು ಜನರಲ್ಲಿ ನೂರಕ್ಕೆ ಏಳು ಮಂದಿಯೂ ನೋಂದಣಿಯಾಗಿರಲಿಲ್ಲ.

ಶಾಲೆಯಿಂದ ದೂರವಿಟ್ಟು, ಅನಂತರ ಓದು ಬರುತ್ತದೆಯೇ ಎಂದು ಕೇಳುವ ಈ ಜಾಣತನ ನಮಗೆ ಹೊಸತಲ್ಲ. ಬ್ರಿಟಿಷ್ ಭಾರತದಲ್ಲಿ ಮತ ಹಾಕಲು ಆಸ್ತಿ, ತೆರಿಗೆ, ವಿದ್ಯೆಯ ಅರ್ಹತೆ ಬೇಕಿತ್ತು. ಕೆರೆಯ ನೀರನ್ನೇ ಮುಟ್ಟಗೊಡದ ಜಾತಿಗಳಿಗೆ ಜಮೀನು ಎಲ್ಲಿಂದ ಬರಬೇಕು, ಅಕ್ಷರ ಎಲ್ಲಿಂದ ಬರಬೇಕು? ಇದೇ ಲಂಡನ್ನಿನಲ್ಲಿ, 1930-31ರ ದುಂಡುಮೇಜಿನ ಪರಿಷತ್ತಿನಲ್ಲಿ, ಅಂಬೇಡ್ಕರ್ ವಯಸ್ಕರೆಲ್ಲರಿಗೂ ಮತ ಬೇಕೆಂದು ವಾದಿಸಿದರು. ಆಗ ಅದು ದಕ್ಕಲಿಲ್ಲ.

ಸ್ವತಂತ್ರ ಭಾರತದ ಮೊದಲ ಚುನಾವಣೆ 1951-52ರಲ್ಲಿ ನಡೆದಾಗ ಅಕ್ಷರ ಬಲ್ಲವರು ಶೇ. 18ರಷ್ಟು. ಚುನಾವಣಾ ಆಯೋಗ ಪರೀಕ್ಷೆ ಇಡಲಿಲ್ಲ. ಒಬ್ಬೊಬ್ಬ ಅಭ್ಯರ್ಥಿಗೂ ಒಂದೊಂದು ಮತಪೆಟ್ಟಿಗೆಯಿಟ್ಟು, ಅದಕ್ಕೆ ಜೋಡೆತ್ತು, ಗುಡಿಸಲು, ಮರ ಎಂದು ಚಿತ್ರ ಅಂಟಿಸಿತು. ನಮ್ಮ ಗಣರಾಜ್ಯದ ಅತ್ಯಂತ ಸುಂದರ ವಸ್ತು ನನ್ನ ಪಾಲಿಗೆ ಆ ಪೆಟ್ಟಿಗೆಯೇ. ಆದರೂ ಅಪರಿಚಿತರ ಮುಂದೆ ಸ್ವಂತ ಹೆಸರು ಹೇಳಲೊಲ್ಲದೆ 'ಇಂಥವನ ಹೆಂಡತಿ' ಎಂದು ಬರೆಸಿದ ಸುಮಾರು 28 ಲಕ್ಷ ಮಹಿಳೆಯರು ಪಟ್ಟಿಯಿಂದ ಹೊರಗುಳಿದರೆಂಬುದನ್ನೂ ಹೇಳಬೇಕು.

ಹ್ಯಾರೋದಲ್ಲಿರುವ ನಮಗೆ ಮತ ಬಂದದ್ದು ಹೋರಾಟದಿಂದಲ್ಲ. ಕಾಮನ್‌ವೆಲ್ತ್ ಪ್ರಜೆಗಳೆಂಬ ಕಾರಣಕ್ಕೆ, ಭಾರತದ ಪಾಸ್‌ಪೋರ್ಟಿನಲ್ಲೇ ಇಲ್ಲಿ ನೆಲೆಸಿದವರೂ ಮತ ಹಾಕಬಹುದು; ಸಾಮ್ರಾಜ್ಯ ಬಿಟ್ಟುಹೋದ ಉಳಿಕೆ ಅದು. ಆದರೆ 2023ರಿಂದ ಇಂಗ್ಲೆಂಡಿನ ಮತಗಟ್ಟೆಗಳಲ್ಲಿ ಭಾವಚಿತ್ರವಿರುವ ಗುರುತುಪತ್ರ ಕೇಳಲಾರಂಭಿಸಿದರು. ಹಿರಿಯರ ಬಸ್ ಪಾಸು ನಡೆಯುತ್ತದೆ, ವಿದ್ಯಾರ್ಥಿಗಳ ಆಯ್ಸ್ಟರ್ ಕಾರ್ಡು ನಡೆಯದು ಎಂದು ನಿಯಮ ಬರೆದರು. ಇದನ್ನು ಮಿಸಿಸಿಪ್ಪಿಗೆ ಸಮವೆಂದರೆ ಹೇಮರ್ ಅವರಿಗೆ ಅವಮಾನ ಮಾಡಿದಂತೆ. ಆದರೆ ಯಾರ ಜೇಬಿನಲ್ಲಿ ಏನಿದೆಯೆಂದು ನೋಡಿ ಈ ಅರ್ಹತೆಯನ್ನು ಬರೆದರು ಎಂಬ ಪ್ರಶ್ನೆ ಮಾತ್ರ ಹಳೆಯದೇ.

ಪಾಸ್‌ಪೋರ್ಟಿರುವ ನಮಗೆ ತೊಡಕಿಲ್ಲ. ಗುರುತುಪತ್ರವಿಲ್ಲದವರು ಉಚಿತವಾಗಿ ಮತದಾರರ ಪ್ರಮಾಣಪತ್ರ ಪಡೆಯಬಹುದೆಂಬುದು ನಮ್ಮ ಬೀದಿಯ ಎಷ್ಟು ಜನರಿಗೆ ಗೊತ್ತು? ಅವರಿಗೆ ಅರ್ಜಿ ತುಂಬಿಕೊಡಲು ಒಪ್ಪುವವರು ಸಭೆ ಮುಗಿದ ಮೇಲೆ ದಯವಿಟ್ಟು ಹೆಸರು ಬರೆಸಿ ಹೋಗಿ.