ಸರ್ಕಾರಿ ಜಮೀನಿನ ತಕರಾರು: ಯಾವ ಬಾಗಿಲು, ಎಷ್ಟು ದಿನ?

(ರೈತರ ಸಭೆಯೊಂದರಲ್ಲಿ ಮಾಡಿದ ಭಾಷಣದ ಬರಹರೂಪ)



ಬೆಲೆಯ ಮಾತು, ಸಾಲದ ಮಾತು ಬಿಟ್ಟು ಇವತ್ತು ಕಾನೂನು ಯಾಕೆ ಅಂತ ಕೆಲವರು ಕೇಳಿದರು. ಇದೂ ಸಾಲದ ಮಾತೇ. ಪಹಣಿಯ ಒಂಬತ್ತನೇ ಕಾಲಂನಲ್ಲಿ ನಿಮ್ಮ ಹೆಸರು ಹೋಗಿ ‘ಸರ್ಕಾರ’ ಅಂತ ಬಂತು ಅನ್ನಿ. ಸೊಸೈಟಿಯಲ್ಲಿ ಬೆಳೆಸಾಲ ಹುಟ್ಟುವುದಿಲ್ಲ. ಬಿತ್ತನೆ ಕಾಯುವುದಿಲ್ಲ. ಆಗ ಯಾರ ಮನೆಗೆ ಹೋಗಿ ಕೈಸಾಲ ಕೇಳ್ತೀರಿ, ಎಷ್ಟು ಬಡ್ಡಿಗೆ ತರ್ತೀರಿ, ಅದು ನಿಮಗೇ ಗೊತ್ತು.

ನಮ್ಮ ಕಡೆಯ ಒಬ್ಬ ರೈತರು. ಅಪ್ಪನ ಕಾಲದಲ್ಲಿ ಮಂಜೂರಾದ ಎರಡೆಕರೆ, ಸಾಗುವಳಿ ಚೀಟಿ ಪೆಟ್ಟಿಗೆಯಲ್ಲಿದೆ. ಮಂಜೂರಾತಿ ಸರಿಯಿಲ್ಲ ಅಂತ ಅಸಿಸ್ಟೆಂಟ್ ಕಮಿಷನರ್ ಆದೇಶ ಮಾಡಿದರು. ಇವರು ಹೋಗಿ ತಾಲ್ಲೂಕು ಕಚೇರಿಗೆ ಅರ್ಜಿ ಕೊಟ್ಟರು. ‘ನೋಡೋಣ’ ಅಂದರು. ಶಾಸಕರ ಮನೆಗೆ ಹೋದರು, ಮಂತ್ರಿಗಳಿಗೆ ಮನವಿ ಕೊಟ್ಟರು, ಹಾರ ಹಾಕಿದ್ದೂ ಆಯಿತು. ಎಂಟು ತಿಂಗಳು ಕಳೆಯಿತು. ಕಡೆಗೆ ವಕೀಲರ ಹತ್ತಿರ ಹೋದಾಗ ಅವರು ಕೇಳಿದ್ದು ಎರಡೇ ಪ್ರಶ್ನೆ: ಆದೇಶ ಯಾರದು? ತಾರೀಖು ಯಾವುದು?

ತನ್ನ ಮೇಲಿನವರ ಆದೇಶವನ್ನು ತಹಶೀಲ್ದಾರರು ತಿದ್ದುವ ಹಾಗಿಲ್ಲ. ಮಂತ್ರಿಗೆ ಕೊಟ್ಟ ಮನವಿ ಮೇಲ್ಮನವಿ ಆಗುವುದಿಲ್ಲ. ಕರ್ನಾಟಕ ಭೂಕಂದಾಯ ಕಾಯಿದೆ 1964ರದು. ಅದರ 49ನೇ ಕಲಮು ಮೆಟ್ಟಿಲು ಹಾಕಿಕೊಟ್ಟಿದೆ. ತಹಶೀಲ್ದಾರರ ಆದೇಶದ ಮೇಲೆ ಎ.ಸಿ.; ಎ.ಸಿ. ಮಾಡಿದ ಮೂಲ ಆದೇಶದ ಮೇಲೆ ಡಿ.ಸಿ.; ಡಿ.ಸಿ. ಮಾಡಿದ ಮೂಲ ಆದೇಶದ ಮೇಲೆ ಬೆಂಗಳೂರಿನ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿ. ಮೊದಲ ಮೇಲ್ಮನವಿಗೆ ಅರವತ್ತು ದಿನ. ನಕಲು ಪಡೆಯಲು ಹಿಡಿದ ದಿನಗಳು ಲೆಕ್ಕಕ್ಕಿಲ್ಲ, ಆದ್ದರಿಂದ ದೃಢೀಕೃತ ನಕಲಿಗೆ ಆವತ್ತೇ ಅರ್ಜಿ ಹಾಕಿ. ತಡವಾದರೆ ಕಾರಣ ಬರೆದು ಕ್ಷಮೆ ಕೇಳಬಹುದು. ಒಪ್ಪುವುದು ಬಿಡುವುದು ಅವರ ಕೈಲಿದೆ.

ಮ್ಯುಟೇಶನ್ ತಕರಾರಿನ ದಾರಿ ಬೇರೆ, ಅದು 136ನೇ ಕಲಮು. ಅಲ್ಲಿ ಎ.ಸಿ.ಗೆ ಮೇಲ್ಮನವಿ, ಆದೇಶ ನಿಮಗೆ ತಲುಪಿದ ದಿನದಿಂದ, ಇಲ್ಲವೇ ನಮೂದು ನಿಮ್ಮ ಗಮನಕ್ಕೆ ಬಂದ ದಿನದಿಂದ ಅರವತ್ತು ದಿನ. ಆಮೇಲೆ ಡಿ.ಸಿ. ಮುಂದೆ ಪುನರ್‌ಪರಿಶೀಲನೆ. ಎದುರು ಪಾರ್ಟಿಗೆ ತೊಂದರೆಯಾಗುವ ಆದೇಶವನ್ನು ಅವರ ಮಾತು ಕೇಳದೆ ಡಿ.ಸಿ. ಮಾಡುವಂತಿಲ್ಲ. ಆ ಎದುರು ಪಾರ್ಟಿ ನೀವೇ ಆಗಿದ್ದರೆ ಈ ಮಾತು ನೆನಪಿರಲಿ.

ಪುನರ್‌ಪರಿಶೀಲನೆ ಅಂದರೆ ಎರಡನೇ ಮೇಲ್ಮನವಿ ಅಂತ ಬಹಳ ಜನ ತಿಳಿದಿದ್ದಾರೆ. ಅಲ್ಲ. ಮೇಲ್ಮನವಿ ನಿಮ್ಮ ಹಕ್ಕು. ಪುನರ್‌ಪರಿಶೀಲನೆ ಎಂದರೆ ಮೇಲಿನ ಅಧಿಕಾರಿ ಕಡತ ತರಿಸಿಕೊಂಡು, ಕೆಳಗಿನವರು ಕ್ರಮ ಪ್ರಕಾರ ನಡೆದರೋ ಇಲ್ಲವೋ ನೋಡುವ ಅಧಿಕಾರ. 56ನೇ ಕಲಮಿನಲ್ಲಿ ಅದನ್ನು ಕೇಳಲು ನಾಲ್ಕು ತಿಂಗಳು. ಮೇಲ್ಮನವಿ ಹಾಕಿದ ಆದೇಶದ ಮೇಲೆ ಅದು ನಡೆಯುವುದಿಲ್ಲ. ಎರಡೂ ಕಡೆ ಒಂದೊಂದು ಅರ್ಜಿ ಒಗೆದು ಬರೋಣ ಅನ್ನುವವರು ಇದನ್ನು ಕೇಳಿಸಿಕೊಳ್ಳಿ.

ಇನ್ನೊಂದು. ಮೇಲ್ಮನವಿ ಹಾಕಿದ ಮಾತ್ರಕ್ಕೆ ಕೆಳಗಿನ ಆದೇಶ ನಿಲ್ಲುವುದಿಲ್ಲ. ತಡೆಯಾಜ್ಞೆ ಬೇರೆಯಾಗಿ ಕೇಳಬೇಕು. ಅದನ್ನು ಕೇಳದೆ ಮನೆಗೆ ಬಂದು ಕೂತರೆ ಬೆಳೆ ನಿಂತ ಹೊಲಕ್ಕೇ ಜೆ.ಸಿ.ಬಿ. ಬಂದೀತು.

ನನ್ನ ತಕರಾರು ಇಲ್ಲಿದೆ. ಜಮೀನು ಸರ್ಕಾರದ್ದೋ ರೈತನದ್ದೋ ಎಂಬ ಪ್ರಶ್ನೆ ಎದ್ದರೆ 67ನೇ ಕಲಮಿನಲ್ಲಿ ವಿಚಾರಣೆ ಮಾಡುವವರೂ ಕಂದಾಯ ಇಲಾಖೆಯವರೇ. ‘ನನ್ನದು’ ಅನ್ನುವವರೂ ಅವರೇ, ತೀರ್ಪು ಕೊಡುವವರೂ ಅವರೇ. ಜಿಲ್ಲಾ ನ್ಯಾಯಾಧೀಶರ ದರ್ಜೆಯವರು ಕೂತು ಕೇಳುವುದು ನ್ಯಾಯಮಂಡಳಿಗೆ ಹೋದ ಮೇಲೆ. ದೂರದ ಜಿಲ್ಲೆಯಿಂದ ಬೆಂಗಳೂರಿಗೆ ಬಸ್ಸು, ಊಟ, ವಕೀಲರ ಫೀಜು. ಹೋದ ದಿನ ಮುಂದಿನ ತಾರೀಖು. ಎರಡೆಕರೆ ರಾಗಿಯಲ್ಲಿ ಇದು ಹುಟ್ಟುತ್ತದೆಯೇ? ನ್ಯಾಯಮಂಡಳಿ ಜಿಲ್ಲೆಗೆ ಬಂದು ಕೂರಲಿ ಎಂದು ನಾವು ಕೇಳಬೇಕು.

ಹಕ್ಕಿನದೇ ಜಗಳವಾದರೆ, ಅಂದರೆ ಕ್ರಯಪತ್ರ, ಪಾಲು, ವಾರಸುದಾರಿಕೆ, ಅದು ಸಿವಿಲ್ ಕೋರ್ಟಿನ ಮಾತು. ಪಹಣಿ ತಿದ್ದಿಸಿ ಹಕ್ಕು ಗೆದ್ದೆ ಅನ್ನುವಂತಿಲ್ಲ.

ಆ ರೈತರ ವಿಷಯ ಕೇಳ್ತೀರಿ. ತಡವಾದದ್ದಕ್ಕೆ ಕಾರಣ ಬರೆದು ಡಿ.ಸಿ. ಮುಂದೆ ಹಾಕಿದ್ದಾರೆ, ಇನ್ನೂ ತೀರ್ಮಾನ ಆಗಿಲ್ಲ. ಈ ವರ್ಷ ಬಿತ್ತನೆಗೆ ಹೆಂಡತಿಯ ಓಲೆ ಅಡವಿಟ್ಟರು.

ಆದೇಶದ ಕಾಗದ ತಂದವರು ಸಭೆ ಮುಗಿದ ಮೇಲೆ ಇಲ್ಲೇ ಉಳಕೊಳ್ಳಿ. ಒಂದೊಂದಾಗಿ ತಾರೀಖು ನೋಡೋಣ.